ಅಂಗಳದ ಕಥೆಗೆ ಯಾವ ಭಾಷೆ?



ಜನಪದ ಕಥೆಗಳನ್ನು ಸಂಗ್ರಹಿಸುವುದು ಹೇಗೆ, ಸಂಗ್ರಹಿಸಿದ್ದನ್ನು ಅಭ್ಯಾಸ ಮಾಡುವುದು ಹೇಗೆ ಎಂಬ ವಿಚಾರವಾಗಿ ನಾಲ್ಕು ಮಾತು ಹೇಳಬೇಕೆಂದಿದ್ದೇನೆ. ವಿಷಯ ನಮ್ಮ ಕಾಸರಗೋಡಿನದ್ದೇ. ಆದರೆ ಮಾತನ್ನು ಆಫ್ರಿಕದಿಂದ ತೊಡಗುತ್ತೇನೆ. ಹಾಗೆ ಮಾಡಲು ಒಂದು ಕಾರಣ ನಮ್ಮ ಮನೆಗಳ ಮಾಡಿನ ಮೇಲೆಯೇ ಇದೆ. ಮಂಗಳೂರು ಹಂಚನ್ನು ನಮ್ಮ ಕರಾವಳಿಗೆ ಕೊಟ್ಟ ಬಾಸೆಲ್ ಮಿಶನ್ ಸಂಸ್ಥೆ 1834ರಲ್ಲಿ ಇಲ್ಲಿಗೆ ಬಂತು. ಅದಕ್ಕೆ ಆರು ವರ್ಷ ಮೊದಲೇ, 1828ರಲ್ಲಿ, ಅದೇ ಸಂಸ್ಥೆ ಪಶ್ಚಿಮ ಆಫ್ರಿಕದ ಚಿನ್ನದ ಕರಾವಳಿಗೆ, ಎಂದರೆ ಇಂದಿನ ಘಾನಾ ದೇಶಕ್ಕೆ ಹೋಗಿತ್ತು. ಅಲ್ಲಿಯೂ ಕಡಲು, ತೆಂಗು, ಜ್ವರ, ಇಲ್ಲಿಯೂ ಅದೇ.

1853ನೆಯ ಇಸವಿಯಲ್ಲಿ ಈ ಮಿಶನ್ನಿನ ಇಬ್ಬರು ಜರ್ಮನ್ ತರುಣರು ಎರಡು ದಿಕ್ಕಿಗೆ ಬಂದಿಳಿದರು. ಒಬ್ಬರು ಫರ್ಡಿನೆಂಡ್ ಕಿಟ್ಟೆಲ್, ಕನ್ನಡನಾಡಿಗೆ. ಇನ್ನೊಬ್ಬರು ಯೋಹಾನ್ ಕ್ರಿಸ್ಟಾಲರ್, ಘಾನಾಕ್ಕೆ. ಕಿಟ್ಟೆಲರ ಕನ್ನಡ ನಿಘಂಟು 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾಯಿತು. ಅದರ ಪುಟ ಮಗುಚಿದವರಿಗೆ ಗೊತ್ತು, ಶಬ್ದದ ಅರ್ಥದ ಜೊತೆಗೆ ಅಲ್ಲಲ್ಲಿ ಜನರ ಬಾಯಿಯ ಗಾದೆಗಳು ಸಿಕ್ಕುತ್ತವೆ. ಕ್ರಿಸ್ಟಾಲರ್ ಅಲ್ಲಿಯ ಟ್ವಿ ಭಾಷೆಗೆ ವ್ಯಾಕರಣ ಬರೆದರು, ನಿಘಂಟು ಮಾಡಿದರು. ಅದಲ್ಲದೆ 1879ರಲ್ಲಿ 3,600 ಟ್ವಿ ಗಾದೆಗಳನ್ನು ಆ ಭಾಷೆಯಲ್ಲೇ ಅಚ್ಚು ಹಾಕಿಸಿದರು. ನಮ್ಮ ತೆಂಕಣ ನೆರೆಯ ತಲಶ್ಶೇರಿಯಲ್ಲಿ ಕುಳಿತು 1872ರ ಮಲಯಾಳ ನಿಘಂಟನ್ನು ಸಿದ್ಧಪಡಿಸಿದ ಹೆರ್ಮನ್ ಗುಂಡರ್ಟ್ ಕೂಡ ಇದೇ ಸಂಸ್ಥೆಯವರು. ಅವರೂ ಗಾದೆ ಹೆಕ್ಕಿದವರೇ. ಇವರೆಲ್ಲ ಬಂದದ್ದು ಕಥೆ ಕೇಳಲಿಕ್ಕಲ್ಲ, ತಮ್ಮ ಮತವನ್ನು ಹೇಳಲಿಕ್ಕೆ. ಆದರೆ ಹೇಳಬೇಕಾದರೆ ಮೊದಲು ಕೇಳಬೇಕು ಎಂಬಷ್ಟು ವಿವೇಕ ಅವರಿಗಿತ್ತು. ಕೇಳಿದ್ದನ್ನು ಕೇಳಿದ ಭಾಷೆಯಲ್ಲೇ ಬರೆದರು. ನನ್ನ ಇಂದಿನ ಮಾತೆಲ್ಲ ಈ ಒಂದು ಸಂಗತಿಯ ಸುತ್ತಲೇ ಇದೆ ಎಂದು ತಿಳಿದುಕೊಳ್ಳಿ.

ತುಳುವಿನ ಸಂಗತಿಗೆ ಬರೋಣ. ಇದೇ ಮಿಶನ್ನಿನ ಆಗಸ್ಟ್ ಮೆನ್ನರ್ 1886ರಲ್ಲಿ ತುಳು-ಇಂಗ್ಲಿಷ್ ನಿಘಂಟನ್ನು ಪ್ರಕಟಿಸಿದರು. ಅದೇ ವರ್ಷ ಪಾಡ್ದನೊಳು ಎಂಬ ಪುಸ್ತಕವನ್ನೂ ಹೊರತಂದರು. ಗದ್ದೆಯಲ್ಲಿ ನೇಜಿ ನೆಡುವಾಗ ಹೆಂಗಸರು ಹಾಡುವ, ಕೋಲದ ಕಳದಲ್ಲಿ ಕೇಳಿಬರುವ ಪಾಡ್ದನಗಳು ಕನ್ನಡ ಲಿಪಿಯಲ್ಲಿ, ತುಳು ಮಾತಿನಲ್ಲೇ ಅಚ್ಚಾದವು. ಬ್ರಿಟಿಷ್ ನ್ಯಾಯಾಧೀಶ ಎ. ಸಿ. ಬರ್ನೆಲ್ ಸೇರಿಸಿಟ್ಟಿದ್ದ ಪಾಡ್ದನಗಳು ಅವರು ತೀರಿಕೊಂಡು ಹನ್ನೆರಡು ವರ್ಷದ ಮೇಲೆ, 1894ರಿಂದ 1897ರ ವರೆಗೆ, ಇಂಡಿಯನ್ ಆಂಟಿಕ್ವರಿ ಎಂಬ ಪತ್ರಿಕೆಯಲ್ಲಿ ಕಂತು ಕಂತಾಗಿ ಬಂದವು. ಆ ಲೇಖನಮಾಲೆಯ ಹೆಸರು ಮಾತ್ರ ನಮಗೆ ಹಿಡಿಸುವಂಥದ್ದಲ್ಲ: ತುಳುವರ ಪಿಶಾಚಿ ಪೂಜೆ ಎಂಬ ಅರ್ಥದ ಹೆಸರು. ಊರಿನ ದೈವವನ್ನು ಪಿಶಾಚಿ ಎಂದು ಕರೆದರೆ ಯಾರಿಗೆ ಸಿಟ್ಟು ಬಾರದು? ಆದರೂ ಒಂದು ಮಾತನ್ನು ಒಪ್ಪಬೇಕು. ಹಣೆಬರಹ ತಪ್ಪಾದರೂ ಒಳಗಿನ ಪಠ್ಯ ಉಳಿಯಿತು. ತುಳು ಮಾತು ತುಳುವಾಗಿಯೇ ಇದ್ದುದರಿಂದ, ಇವತ್ತು ನಾವು ಅದನ್ನು ಓದಿ ಬರ್ನೆಲ್ ಸಾಹೇಬರ ಅಭಿಪ್ರಾಯವನ್ನು ಬದಿಗಿಟ್ಟು, ಕಲ್ಕುಡ ಕಲ್ಲುರ್ಟಿಯರ ದುಃಖವನ್ನು ನೇರವಾಗಿ ಕೇಳಬಹುದು. ಬರೇ ಸಾರಾಂಶ ಬರೆದಿಟ್ಟಿದ್ದರೆ ನಮಗೆ ಸಿಕ್ಕುತ್ತಿದ್ದದ್ದು ಅವರ ಅಭಿಪ್ರಾಯ ಮಾತ್ರ.

ಇನ್ನು ಆಫ್ರಿಕದ ಒಂದು ಕಥೆ ಕೇಳಿ. ಘಾನಾದ ಅಶಾಂತಿ ಜನರಲ್ಲಿ ಅನಾನ್ಸೆ ಎಂಬವನ ಕಥೆಗಳಿವೆ. ಅನಾನ್ಸೆ ಎಂದರೆ ಜೇಡ. ಜೇಡನೂ ಹೌದು, ಮನುಷ್ಯನೂ ಹೌದು. ನಮ್ಮ ನರಿಯ ಹಾಗೆ ಮಹಾ ಕಿಲಾಡಿ. ಒಂದು ಕಾಲದಲ್ಲಿ ಕಥೆಗಳೆಲ್ಲ ಆಕಾಶದ ದೇವರ ಹತ್ತಿರ ಇದ್ದವಂತೆ. ಜೇಡ ಹೋಗಿ, ಕಥೆಗಳನ್ನು ನನಗೆ ಕೊಡು, ಕ್ರಯ ಎಷ್ಟು ಎಂದು ಕೇಳಿದ. ದೇವರು ಹೇಳಿದ ಕ್ರಯ ಹಣವಲ್ಲ. ಒಂದು ಹೆಬ್ಬಾವು, ಒಂದು ಚಿರತೆ, ಕಣಜದ ಹುಳುಗಳ ಒಂದು ಹಿಂಡು, ಕಾಡಿನಲ್ಲಿರುವ ಒಂದು ಕುಳ್ಳ ಮಾಯಾಜೀವಿ, ಇಷ್ಟನ್ನು ಜೀವಂತ ತಂದುಕೊಡಬೇಕು. ಜೇಡ ಮನೆಗೆ ಬಂದು ಹೆಂಡತಿಯ ಹತ್ತಿರ ಹೇಳಿದ. ಹೆಂಡತಿಯ ಹೆಸರು ಆಸೊ. ಉಪಾಯ ಹೇಳಿಕೊಟ್ಟವಳು ಅವಳು. ನೀನು ಉದ್ದವೋ ಈ ಕೋಲು ಉದ್ದವೋ ನೋಡೋಣ ಎಂದು ಹೆಬ್ಬಾವನ್ನು ಕೋಲಿಗೆ ಒತ್ತಿ ಮಲಗಿಸಿ ಕಟ್ಟಿದರು. ಹುಳುಗಳ ಮೇಲೆ ನೀರು ಚೆಲ್ಲಿ, ಮಳೆ ಬಂತು, ಬುರುಡೆಯೊಳಗೆ ಬನ್ನಿ ಎಂದು ಕರೆದು ಬಾಯಿ ಮುಚ್ಚಿದರು. ಚಿರತೆಗೆ ಹೊಂಡ ತೋಡಿದರು. ಮಾಯಾಜೀವಿಗೆ ಮರದ ಅಂಟು ಮೆತ್ತಿದ ಒಂದು ಗೊಂಬೆ ಮಾಡಿ ಇಟ್ಟರು. ಅದು ಬಂದು ಗೊಂಬೆಯನ್ನು ಮಾತಾಡಿಸಿತು. ಗೊಂಬೆ ಉತ್ತರ ಕೊಡಲಿಲ್ಲ. ಸಿಟ್ಟು ಬಂದು ಒಂದು ಕೈಯಲ್ಲಿ ಹೊಡೆಯಿತು, ಕೈ ಅಂಟಿತು. ಇನ್ನೊಂದು ಕೈ, ಅದೂ ಅಂಟಿತು. ಕಾಲು, ಅದೂ. ಹೀಗೆ ಕ್ರಯ ಸಂದಿತು, ಅಂದಿನಿಂದ ಕಥೆಗಳೆಲ್ಲ ಜೇಡನ ಕಥೆಗಳಾದವು.

ಈ ಕಥೆಯನ್ನು ಆರ್. ಎಸ್. ರಾಟ್ರೆ ಎಂಬ ಬ್ರಿಟಿಷ್ ಅಧಿಕಾರಿ 1930ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಕಾಣಬಹುದು. ಒಂದು ಬದಿಯ ಪುಟದಲ್ಲಿ ಟ್ವಿ ಭಾಷೆ, ಎದುರು ಪುಟದಲ್ಲಿ ಇಂಗ್ಲಿಷ್. ಅಶಾಂತಿಯವರು ಕಥೆ ಹೇಳುತ್ತಿದ್ದದ್ದು ಕತ್ತಲೆಯಾದ ಮೇಲೆಯೇ ಎಂದೂ, ಶುರುವಿನಲ್ಲೇ ಇದು ನಿಜವಲ್ಲ ಎಂದು ಕಥೆಗಾರ ಹೇಳಿಕೊಳ್ಳುತ್ತಿದ್ದ ಎಂದೂ ಅವರು ಬರೆದಿದ್ದಾರೆ. ನಮ್ಮಲ್ಲಿಯೂ ಕಥೆಗೆ ಹೊತ್ತು ಕತ್ತಲೆಯೇ. ಹಗಲು ಯಾರಿಗೆ ಪುರುಸೊತ್ತು? ರಾತ್ರಿ ಚಾವಡಿಯಲ್ಲಿ ಒಣ ಅಡಿಕೆಯ ರಾಶಿಯ ಸುತ್ತ ಕೂತು ಸುಲಿಯುವಾಗ, ಬೀಡಿಯ ತಡ್ಪೆ ತೊಡೆಯ ಮೇಲಿಟ್ಟು ನೂಲು ಸುತ್ತುವಾಗ, ಕೈಗೆ ಕೆಲಸ, ಬಾಯಿಗೆ ಬಿಡುವು. ನಿದ್ದೆ ತೂಗುವ ಮಕ್ಕಳನ್ನು ಎಚ್ಚರ ಇರಿಸಲಿಕ್ಕೂ ಕಥೆ ಬೇಕಿತ್ತು, ಮಲಗಿಸಲಿಕ್ಕೂ ಕಥೆ ಬೇಕಿತ್ತು.

ಅಂಟು ಗೊಂಬೆಯ ಸಂಗತಿ ಕೇಳಿದಾಗ ನಿಮ್ಮಲ್ಲಿ ಕೆಲವರಿಗೆ, ಇದನ್ನು ಎಲ್ಲಿಯೋ ಕೇಳಿದ್ದೇವಲ್ಲ ಎನಿಸಿರಬಹುದು. ಬೌದ್ಧರ ಪಂಚಾವುಧ ಜಾತಕದಲ್ಲಿ ಒಬ್ಬ ರಾಜಕುಮಾರ ಅಂಟುಕೂದಲಿನ ರಾಕ್ಷಸನನ್ನು ಹೊಡೆಯಹೋಗಿ ಕೈ, ಕಾಲು, ತಲೆ ಎಲ್ಲ ಅಂಟಿಸಿಕೊಳ್ಳುತ್ತಾನೆ. ಅಮೆರಿಕಕ್ಕೆ ಗುಲಾಮರಾಗಿ ಹೋದ ಆಫ್ರಿಕದವರ ಬಾಯಲ್ಲಿ ಇದು ಮೊಲ ಮತ್ತು ಟಾರಿನ ಗೊಂಬೆಯ ಕಥೆಯಾಯಿತು. ಎಸ್ಪಿನೋಸಾ ಎಂಬ ವಿದ್ವಾಂಸರು ಇದರ ಹಲವು ಪಾಠಗಳನ್ನು ಕೂಡಿಸಿ, ಮೂಲ ಭಾರತವೇ ಎಂದು ವಾದಿಸಿದರು. ಒಪ್ಪದವರೂ ಇದ್ದಾರೆ. ಯಾರು ಯಾರಿಂದ ಸಾಲ ತಂದದ್ದು ಎಂಬ ಈ ಲೆಕ್ಕಾಚಾರ ಒಂದು ಕಾಲದಲ್ಲಿ ಕಥಾಭ್ಯಾಸದ ಮುಖ್ಯ ಕೆಲಸವಾಗಿತ್ತು. ಫಿನ್ಲೆಂಡಿನ ಆರ್ನೆ 1910ರಲ್ಲಿ ಕಥೆಗಳಿಗೆ ನಂಬರು ಕೊಡಲು ಶುರುಮಾಡಿದರು, ಅಮೆರಿಕದ ಸ್ಟಿತ್ ಥಾಂಪ್ಸನ್ ಅದನ್ನು ಬೆಳೆಸಿದರು. ಅಂಟು ಗೊಂಬೆಗೆ 175, ಕತ್ತೆಕಿವಿಯ ರಾಜನಿಗೆ 782, ಹೀಗೆ. ನಂಬರಿನಿಂದ ಉಪಯೋಗವಿಲ್ಲವೆಂದಲ್ಲ. ಬೇರೆ ಊರಿನ ಬಂಧುಗಳನ್ನು ಹುಡುಕುವುದಕ್ಕೆ ಅದು ಬೇಕು. ಆದರೆ ರೇಶನ್ ಕಾರ್ಡಿನ ನಂಬರು ನೋಡಿ ಮನೆಯೊಳಗೆ ಯಾರು ಹೇಗೆ ಮಾತಾಡುತ್ತಾರೆಂದು ತಿಳಿಯಲಿಕ್ಕೆ ಆಗುತ್ತದೆಯೇ?

ಕಥೆಯ ಮಾತಿನಲ್ಲಿಯೇ ಎಷ್ಟು ಅಡಗಿದೆ ಎಂಬುದಕ್ಕೆ ಎಲ್ಲರಿಗೂ ಗೊತ್ತಿರುವ ಕಾಗಕ್ಕ ಗುಬ್ಬಕ್ಕನ ಕಥೆಯನ್ನೇ ತೆಗೆದುಕೊಳ್ಳಿ. ಕಾಗಕ್ಕನ ಮನೆ ಸೆಗಣಿಯದ್ದು, ಗುಬ್ಬಕ್ಕನ ಮನೆ ಕಲ್ಲಿನದ್ದು. ಮಳೆ ಬಂತು, ಸೆಗಣಿ ಮನೆ ಕರಗಿತು. ಕಾಗಕ್ಕ ಹೋಗಿ ಬಾಗಿಲು ತಟ್ಟಿದರೆ ಗುಬ್ಬಕ್ಕ, ತಡೆ, ಮಗುವಿಗೆ ಮೀಯಿಸುತ್ತಿದ್ದೇನೆ, ತಡೆ, ಕಾಡಿಗೆ ಹಚ್ಚುತ್ತಿದ್ದೇನೆ ಎನ್ನುತ್ತದೆ. ಮರಾಠಿಯಲ್ಲಿಯೂ ಇದೇ ಕಥೆಯಿದೆ. ಆದರೆ ಅಲ್ಲಿ ಗುಬ್ಬಿಯ ಮನೆ ಕಲ್ಲಿನದಲ್ಲ, ಮೇಣದ್ದು. ಮೇಣದ ಮನೆ ಏಕೆ? ಮರಾಠಿಯಲ್ಲಿ ಸೆಗಣಿಗೆ ‘ಶೇಣ’, ಮೇಣಕ್ಕೆ ‘ಮೇಣ’. ಪ್ರಾಸ ಕೂಡುತ್ತದೆ, ಮಗುವಿನ ಕಿವಿಗೆ ಇಂಪಾಗುತ್ತದೆ, ಅಷ್ಟೇ. ಅಲ್ಲಿ ಮನೆ ಕಟ್ಟಿದ್ದು ಗುಬ್ಬಿಯಲ್ಲ, ಪ್ರಾಸ! ಕನ್ನಡದಲ್ಲಿ ಸೆಗಣಿಗೂ ಮೇಣಕ್ಕೂ ಹಾಗೆ ಜೋಡಿಯಾಗುವುದಿಲ್ಲ, ಆದ್ದರಿಂದ ಗಟ್ಟಿಯಾದ ಕಲ್ಲೇ ಇರಲಿ ಎಂದಾಯಿತೋ ಏನೋ. ಮರಾಠಿ ಮನೆಮಾತಿನವರು ನಮ್ಮ ಜಿಲ್ಲೆಯಲ್ಲೂ ಇದ್ದಾರೆ. ಅಂಥ ಒಂದು ಮನೆಯ ಅಜ್ಜಿ ಹೇಳಿದ ಕಥೆಯನ್ನು ನಾವು ಶಾಲೆಯ ಕನ್ನಡಕ್ಕೆ ತಿರುಗಿಸಿ ‘ಮೇಣದ ಮನೆ’ ಎಂದು ಬರೆದರೆ, ಓದಿದವರು ಏನೇನೋ ಗಹನವಾದ ಅರ್ಥ ಹುಡುಕಿಯಾರು.

ಬರೆಯುವುದು ಎಂದೆನಲ್ಲ, ಅದೂ ಸುಲಭವಲ್ಲ. ತುಳು ಬಲ್ಲವರು ಈಗ ಬಾಯಿಬಿಟ್ಟು ಹೇಳಿ ನೋಡಿ. ‘ಯಾನ್ ಬರ್ಪೆ’ ಎಂದರೆ ನಾನು ಬರುತ್ತೇನೆ. ‘ಆಯೆ ಬರ್ಪೆ’ ಎಂದರೆ ಅವನು ಬರುತ್ತಾನೆ. ಕನ್ನಡ ಅಕ್ಷರದಲ್ಲಿ ಎರಡೂ ಒಂದೇ, ಬರ್ಪೆ. ಬಾಯಲ್ಲಿ ಒಂದೇ ಅಲ್ಲ. ಮೊದಲನೆಯದರಲ್ಲಿ ಕೊನೆಯ ಸ್ವರಕ್ಕೆ ಬಾಯಿ ಹೆಚ್ಚು ತೆರೆಯುತ್ತದೆ. ಕಥೆಯಲ್ಲಿ ‘ಯಾನ್’, ‘ಆಯೆ’ ಎಂದು ಪ್ರತಿ ಸಲವೂ ಹೇಳುವ ಅಭ್ಯಾಸ ಯಾರಿಗೂ ಇಲ್ಲ. ಬರ್ಪೆ ಎಂದಷ್ಟೇ ಹೇಳಿ ಮುಂದೆ ಹೋಗುತ್ತಾರೆ. ರಾಕ್ಷಸ ಬರುವವನೋ, ಹೇಳುತ್ತಿರುವ ಹುಡುಗನೇ ಬರುವವನೋ? ಬರೆದವನು ಗುರುತು ಹಾಕಿಕೊಳ್ಳದಿದ್ದರೆ ಆರು ತಿಂಗಳ ಮೇಲೆ ಅವನಿಗೇ ತಿಳಿಯದು. ಉಡುಪಿಯಲ್ಲಿ ಯು. ಪಿ. ಉಪಾಧ್ಯಾಯರ ಸಂಪಾದಕತ್ವದಲ್ಲಿ 1988ರಿಂದ 1997ರ ವರೆಗೆ ಆರು ಸಂಪುಟಗಳಲ್ಲಿ ಬಂದ ತುಳು ನಿಘಂಟು ಕನ್ನಡ ಅಕ್ಷರದ ಜೊತೆಗೆ ರೋಮನ್ ಅಕ್ಷರದಲ್ಲೂ ಶಬ್ದಗಳನ್ನು ಕೊಟ್ಟಿದೆ. ಇಂಥ ಸೂಕ್ಷ್ಮಗಳನ್ನು ತೋರಿಸಲು ಅದು ಬೇಕಾಗುತ್ತದೆ. ಆ ನಿಘಂಟಿನ ಕೆಲಸ ನಡೆದ ಸಂಶೋಧನ ಕೇಂದ್ರಕ್ಕಿರುವ ಹೆಸರು ನಮ್ಮ ಮಂಜೇಶ್ವರದ ಗೋವಿಂದ ಪೈಗಳದ್ದು.

ಮಾತನ್ನು ಮಾತಾಗಿಯೇ ಬರೆದಿಟ್ಟರೆ ಏನು ಉಳಿಯುತ್ತದೆ ಎಂಬುದಕ್ಕೆ ಆಫ್ರಿಕದ್ದೇ ಇನ್ನೊಂದು ಉದಾಹರಣೆ ಕೊಡುತ್ತೇನೆ. ಈ ಸಲ ತೀರ ದಕ್ಷಿಣಕ್ಕೆ, ಕೇಪ್ ಟೌನಿಗೆ ಹೋಗಬೇಕು. 1870ರ ಸುಮಾರಿಗೆ ಅಲ್ಲಿಯ ಸೆರೆಮನೆಯಲ್ಲಿ ಒಳನಾಡಿನ ಸಾನ್ ಜನರ ಕೆಲವರು ಕೈದಿಗಳಾಗಿದ್ದರು. ಬಿಳಿಯರು ಅವರ ಬೇಟೆಯ ನೆಲವನ್ನೆಲ್ಲ ಹಿಡಿದುಕೊಂಡ ಮೇಲೆ, ಜಾನುವಾರು ಕದ್ದರೆಂದು ಅವರನ್ನು ತಂದು ಕೂಡಿಹಾಕಿದ್ದು. ವಿಲ್ಹೆಲ್ಮ್ ಬ್ಲೀಕ್ ಎಂಬ ಜರ್ಮನ್ ಭಾಷಾಶಾಸ್ತ್ರಜ್ಞರೂ ಅವರ ನಾದಿನಿ ಲೂಸಿ ಲಾಯ್ಡ್ ಎಂಬವರೂ ಸರಕಾರದ ಅನುಮತಿ ಪಡೆದು ಅವರಲ್ಲಿ ಕೆಲವರನ್ನು ತಮ್ಮ ಮನೆಗೇ ಕರೆತಂದು ಇರಿಸಿಕೊಂಡರು. ಅವರಲ್ಲೊಬ್ಬ ಮುದುಕನ ಹೆಸರು ಕಾಬ್ಬೊ. ಹೆಸರಿನ ಮೊದಲಿಗೆ ನಾಲಗೆಯಿಂದ ಲೊಚ್ ಎನ್ನಿಸುವ ಒಂದು ಸದ್ದಿದೆ. ಎತ್ತುಗಳನ್ನು ಹೊಡೆಯುವಾಗ ನಾವು ಮಾಡುತ್ತೇವಲ್ಲ, ಆ ಜಾತಿಯದ್ದು. ಅದಕ್ಕೆ ನಮ್ಮಲ್ಲಿ ಅಕ್ಷರವಿಲ್ಲ. ಶಿಕ್ಷೆಯ ಅವಧಿ ಮುಗಿದ ಮೇಲೂ ಈ ಮುದುಕ ಊರಿಗೆ ಓಡಲಿಲ್ಲ. ತನ್ನವರ ಕಥೆಗಳು ಪುಸ್ತಕದ ಮೂಲಕ ಇತರರಿಗೂ ತಿಳಿಯುತ್ತವೆ ಎಂಬುದು ಅವನಿಗೆ ಸಂತೋಷ ಕೊಟ್ಟಿತ್ತು. ಇನ್ನಷ್ಟು ಕಾಲ ಇದ್ದು ಹೇಳಿದ. ಬ್ಲೀಕ್ 1875ರಲ್ಲಿ ತೀರಿಕೊಂಡರು, ಮರುವರ್ಷ ಕಾಬ್ಬೊ. ಲಾಯ್ಡ್ ಕೆಲಸ ಬಿಡಲಿಲ್ಲ. ಅವರ ಟಿಪ್ಪಣಿ ಪುಸ್ತಕಗಳಲ್ಲಿ ಸುಮಾರು 12,000 ಪುಟಗಳು ತುಂಬಿದವು. ಮುದ್ರಿತ ಪುಸ್ತಕ ಹೊರಬಂದದ್ದು 1911ರಲ್ಲಿ.

ಆ ಭಾಷೆಯನ್ನು ಆಡುವವರು ಇವತ್ತು ಒಬ್ಬರೂ ಇಲ್ಲ. ಆದರೆ 2000ನೆಯ ಇಸವಿಯಲ್ಲಿ ದಕ್ಷಿಣ ಆಫ್ರಿಕದ ಸ್ವತಂತ್ರ ಸರಕಾರ ಹೊಸ ರಾಷ್ಟ್ರಲಾಂಛನ ಮಾಡಿದಾಗ, ಅದರಲ್ಲಿ ಬರೆಯುವ ಧ್ಯೇಯವಾಕ್ಯವನ್ನು ಇದೇ ಭಾಷೆಯಲ್ಲಿ ಬರೆಯಿಸಿತು. ಕೈದಿಗಳ ಭಾಷೆ ರಾಷ್ಟ್ರದ ಮುದ್ರೆಯ ಮೇಲೆ ಕುಳಿತಿತು! ಲಾಯ್ಡ್ ಕೇಳಿದ್ದನ್ನು ಇಂಗ್ಲಿಷಿನಲ್ಲಿ ಮಾತ್ರ ಬರೆದಿದ್ದರೆ ಇದು ಆಗುವಂತಿರಲಿಲ್ಲ.

ಈಗ ನಮ್ಮ ಅಂಗಳಕ್ಕೆ ಇಳಿಯೋಣ. ಕಾಸರಗೋಡು ಸಪ್ತಭಾಷೆಗಳ ಸಂಗಮಭೂಮಿ ಎಂದು ಪ್ರತಿಯೊಂದು ಉದ್ಘಾಟನೆಯ ಭಾಷಣದಲ್ಲೂ ಕೇಳುತ್ತೇವೆ. ಕೇಳಿ ಕೇಳಿ ಸಾಕಾಗಿದೆ ಎನ್ನುವವರೂ ಇದ್ದಾರೆ. ಆದರೆ ಸಂಗಮವೆಂದರೆ ಏನೆಂದು ತಿಳಿಯಬೇಕಾದರೆ ಭಾಷಣ ಕೇಳಿ ಪ್ರಯೋಜನವಿಲ್ಲ, ಕಥೆ ಕೇಳಬೇಕು. ಹಿಂದೊಮ್ಮೆ ಕುಂಬಳೆಯಿಂದ ಬದಿಯಡ್ಕಕ್ಕೆ ಹೋಗುವ ದಾರಿಯ ಬದಿಯ ಒಂದು ಹಳ್ಳಿಯಲ್ಲಿ, ಒಬ್ಬ ಅಜ್ಜಿಯ ಬಾಯಿಂದ ನಾನು ಕತ್ತೆಕಿವಿಯ ರಾಜನ ಕಥೆ ಕೇಳಿದ್ದೆ. ಕಥೆ ನಿಮಗೆ ಗೊತ್ತಿದೆ. ರಾಜನಿಗೆ ಕತ್ತೆಯ ಕಿವಿ. ಅದು ಅವನ ಕ್ಷೌರಿಕನಿಗೆ ಮಾತ್ರ ಗೊತ್ತು. ಹೇಳಿದರೆ ತಲೆ ಹೋಗುತ್ತದೆ, ಹೇಳದಿದ್ದರೆ ಹೊಟ್ಟೆ ಉಬ್ಬರಿಸುತ್ತದೆ. ಕೊನೆಗೆ ಒಂದು ಮರದ ಪೊಟರೆಗೆ ಬಾಯಿಟ್ಟು ಹೇಳಿಬಿಡುತ್ತಾನೆ. ಆ ಮರ ಕಡಿದು ಡೋಲು ಮಾಡುತ್ತಾರೆ, ಡೋಲು ಬಾರಿಸಿದರೆ ರಾಜನ ಗುಟ್ಟೇ ಹೊರಬೀಳುತ್ತದೆ. ಗ್ರೀಕರಲ್ಲಿ ಇದನ್ನು ಹೇಳುವುದು ಜೊಂಡು ಹುಲ್ಲು, ಐರ್ಲೆಂಡಿನಲ್ಲಿ ತಂತಿಯ ಹಾರ್ಪ್ ವಾದ್ಯ. ನಮ್ಮಲ್ಲಿ ಡೋಲು.

ಆ ಅಜ್ಜಿ ಕಥೆ ಹೇಳಿದ್ದು ತುಳುವಿನಲ್ಲಿ. ರಾಜ ಮಾತಾಡಿದ್ದು ಕನ್ನಡದಲ್ಲಿ, ಅದೂ ಯಕ್ಷಗಾನದ ಕನ್ನಡ. ಮರ ಕಡಿಯಲು ಬಂದವನಿಗೆ ಮಲಯಾಳ. ಕ್ಷೌರಿಕ ಮರದ ಹತ್ತಿರ ಗುಟ್ಟು ಹೇಳಿಕೊಂಡದ್ದು ತುಳುವಿನಲ್ಲಿಯಾದರೂ ಡೋಲು ಮಾತ್ರ ಆಸ್ಥಾನದಲ್ಲಿ ಕನ್ನಡದಲ್ಲೇ ನುಡಿಯಿತು. ಅಜ್ಜೀ, ಡೋಲಿಗೆ ಕನ್ನಡ ಹೇಗೆ ಬಂತು ಎಂದು ಕೇಳಿದೆ. ‘ಅರಸುಗು ಅರ್ಥ ಆವೊಡತ್ತಾ ಮಗಾ?’ ಎಂದರು. ಅರಸನಿಗೆ ಅರ್ಥವಾಗಬೇಡವೇ! ಯಾರ ಮುಂದೆ ಯಾವ ಭಾಷೆ ಆಡಬೇಕು, ಯಾರಿಗೆ ಯಾವುದು ತಿಳಿಯುತ್ತದೆ, ಯಾರು ಯಾರ ಭಾಷೆಗೆ ಬಗ್ಗಬೇಕು ಎಂಬ ಇಡೀ ಗಡಿನಾಡಿನ ಅನುಭವ ಆ ಒಂದು ಉತ್ತರದಲ್ಲಿ ಇತ್ತು. ಇದನ್ನು ಪೂರ್ತಿ ಕನ್ನಡಕ್ಕೆ ಇಳಿಸಿದರೆ ನಂಬರು 782 ಉಳಿಯುತ್ತದೆ, ಅಜ್ಜಿ ಮಾಯವಾಗುತ್ತಾರೆ. ಪೂರ್ತಿ ಮಲಯಾಳಕ್ಕೆ ಇಳಿಸಿದರೂ ಅಷ್ಟೇ, ಪೂರ್ತಿ ತುಳುವಿಗೆ ಇಳಿಸಿದರೂ ಅಷ್ಟೇ.

ನಮ್ಮ ಸಮಸ್ಯೆ ಇರುವುದು ಇಲ್ಲಿಯೇ. ಜನಪದ ಸಂಗ್ರಹದ ಸಂಸ್ಥೆಗಳೆಲ್ಲ ರಾಜ್ಯಕ್ಕೊಂದು, ಭಾಷೆಗೊಂದು ಎಂಬಂತೆ ಹುಟ್ಟಿದವು. 1956ರಲ್ಲಿ ಗೆರೆ ಎಳೆದಾಗ ಕಾಸರಗೋಡು ಕೇರಳಕ್ಕೆ ಸೇರಿತು, 1984ರಲ್ಲಿ ಜಿಲ್ಲೆಯಾಯಿತು. ಕೇರಳದ ಫೋಕ್‌ಲೋರ್ ಅಕಾಡೆಮಿ 1995ರಿಂದ ಪಕ್ಕದ ಕಣ್ಣೂರಿನಲ್ಲಿದೆ. ಕರ್ನಾಟಕದ ಜಾನಪದ ವಿಶ್ವವಿದ್ಯಾಲಯ 2011ರಿಂದ ಹಾವೇರಿ ಜಿಲ್ಲೆಯಲ್ಲಿದೆ. ತುಳುವಿಗೆ ಅಕಾಡೆಮಿ ಎರಡು ಕಡೆಯೂ ಇದೆ. ಒಳ್ಳೆಯದೇ. ಆದರೆ ಅಜ್ಜಿಯ ಕಥೆಯನ್ನು ಯಾರ ಪಟ್ಟಿಗೆ ಸೇರಿಸುವುದು? ಮಲಯಾಳದ ಸಂಗ್ರಾಹಕ ಬಂದರೆ, ಇದರಲ್ಲಿ ಕನ್ನಡ ಬೆರೆತಿದೆ ಎಂದು ಚಂದ್ರಗಿರಿ ಹೊಳೆ ದಾಟಿ ತೆಂಕಕ್ಕೆ ಹೋಗುತ್ತಾನೆ. ಕನ್ನಡದವನು ಬಂದರೆ, ಶುದ್ಧ ಕನ್ನಡ ಕಥೆ ಗಟ್ಟದ ಮೇಲೆ ಸಿಕ್ಕೀತು ಎಂದು ಬಸ್ಸು ಹತ್ತುತ್ತಾನೆ. ತುಳುವಿನವನು ಸಂಪೂರ್ಣ ತುಳುವಿನ ಕಥೆಗಾಗಿ ಬೆಳ್ತಂಗಡಿಗೆ ಹೋಗುತ್ತಾನೆ. ಎಲ್ಲರೂ ಹೋದ ಮೇಲೆ ಅಜ್ಜಿ ಅಲ್ಲಿಯೇ ಕುಳಿತಿರುತ್ತಾರೆ. ಮೂರು ಭಾಷೆ ಬಲ್ಲವರು ಮೂರು ಪಟ್ಟಿಯಲ್ಲೂ ಇಲ್ಲ.

ಒಂದೇ ಕಥೆ ಭಾಷೆ ಬದಲಾದಾಗ ಒಡೆತನ ಬದಲಾಗುವುದನ್ನೂ ನೋಡಬಹುದು. ಅನಂತಪುರದ ಕೆರೆಯ ನಡುವಿನ ದೇವಸ್ಥಾನ ನಿಮಗೆಲ್ಲ ಗೊತ್ತು. 2022ರ ಅಕ್ಟೋಬರದಲ್ಲಿ ಸತ್ತುಹೋದ ಮೊಸಳೆ ಬಬಿಯಾನನ್ನು ಕಂಡವರೂ ನಿಮ್ಮಲ್ಲಿ ಬಹಳ ಮಂದಿ ಇದ್ದೀರಿ. ತಪಸ್ಸಿಗೆ ಕುಳಿತ ಸನ್ಯಾಸಿಯ ಬಳಿಗೆ ಒಬ್ಬ ಬಾಲಕ ಬಂದು ತುಂಟಾಟ ಮಾಡಿದ, ಸನ್ಯಾಸಿ ಸಿಟ್ಟಾದಾಗ ಮಾಯವಾದ, ಹುಡುಕುತ್ತ ಹೋದ ಸನ್ಯಾಸಿಗೆ ತಿರುವನಂತಪುರದಲ್ಲಿ ಅನಂತಶಯನನಾಗಿ ಕಂಡ ಎಂಬ ಕಥೆ. ಒಂದು ಪಾಠದಲ್ಲಿ ಆ ಸನ್ಯಾಸಿ ವಿಲ್ವಮಂಗಲ ಸ್ವಾಮಿ. ಇನ್ನೊಂದು ಪಾಠದಲ್ಲಿ ತುಳುನಾಡಿನ ದಿವಾಕರ ಮುನಿ. ಯಾವುದು ಸರಿ ಎಂದು ಜಗಳವಾಡುವವರಿದ್ದಾರೆ. ಕಥೆಯನ್ನು ಅಭ್ಯಾಸ ಮಾಡುವವನಿಗೆ ಆ ಜಗಳವೂ ಒಂದು ಸಾಮಗ್ರಿ. ಯಾವ ಮನೆಯಲ್ಲಿ, ಯಾವ ಭಾಷೆಯಲ್ಲಿ, ಯಾವ ಹೆಸರು ಹೇಳಿದರು ಎಂಬುದನ್ನು ಬರೆದುಕೊಂಡರೆ ಸಾಕು, ತೀರ್ಪು ಕೊಡುವ ಕೆಲಸ ಅವನದ್ದಲ್ಲ.

ಭಾಷೆಯ ಹಾಗೆ ಹೇಳುವವರ ಹೆಸರೂ ಮುಖ್ಯ. ಹಳೆಯ ಎಷ್ಟೋ ಸಂಗ್ರಹಗಳಲ್ಲಿ ಸಂಗ್ರಾಹಕರ ಹೆಸರು ದಪ್ಪಕ್ಷರದಲ್ಲಿದೆ, ಕಥೆ ಹೇಳಿದವರ ಹೆಸರೇ ಇಲ್ಲ. ಇದಕ್ಕೆ ವಿರುದ್ಧವಾದ ಒಂದು ಕೆಲಸ ನಮ್ಮ ತುಳುನಾಡಿನಲ್ಲೇ ಆಯಿತು. 1990ರ ಡಿಸೆಂಬರಿನಲ್ಲಿ ಬೆಳ್ತಂಗಡಿ ಕಡೆಯ ಮಾಚಾರಿನ ಗೋಪಾಲ ನಾಯ್ಕರು ಸಿರಿಯ ಕಥೆಯನ್ನು ದಿನಗಟ್ಟಲೆ ಹಾಡಿದರು. ಫಿನ್ಲೆಂಡಿನ ಲೌರಿ ಹೋಂಕೊ, ನಮ್ಮವರೇ ಆದ ಬಿ. ಎ. ವಿವೇಕ ರೈ ಮತ್ತು ಚಿನ್ನಪ್ಪ ಗೌಡ ಇವರೆಲ್ಲ ಸೇರಿ ಅದನ್ನು ಧ್ವನಿಮುದ್ರಿಸಿ, 1998ರಲ್ಲಿ ತುಳು ಪಾಠ ಮತ್ತು ಇಂಗ್ಲಿಷ್ ಅನುವಾದದೊಂದಿಗೆ ಪ್ರಕಟಿಸಿದರು. 15,683 ಸಾಲುಗಳು. ಆ ಪುಸ್ತಕದ ಶೀರ್ಷಿಕೆಯಲ್ಲೇ ಗೋಪಾಲ ನಾಯ್ಕರ ಹೆಸರಿದೆ. ತುಳುವಿನಲ್ಲಿ ಉದ್ದನೆಯ ಕಾವ್ಯವೆಲ್ಲಿದೆ ಎಂದು ಕೇಳುತ್ತಿದ್ದವರಿಗೆ ಇದಕ್ಕಿಂತ ಬೇರೆ ಉತ್ತರ ಬೇಕಿರಲಿಲ್ಲ.

ಮೈಸೂರಿನ ಎ. ಕೆ. ರಾಮಾನುಜನ್ ಅವರ ಕನ್ನಡ ಕಥೆಗಳ ಸಂಗ್ರಹ ಅವರು ತೀರಿಕೊಂಡ ಮೇಲೆ, 1997ರಲ್ಲಿ, ಇಂಗ್ಲಿಷಿನಲ್ಲಿ ಬಂತು. ಅದರಲ್ಲಿ 77 ಕಥೆಗಳಿವೆ. ಮುಖಕ್ಕೆ ಮಣ್ಣಿನ ಮುಖವಾಡ ಹಾಕಿಕೊಂಡು ಬದುಕುವ ಹಂಚಿ ಎಂಬ ಹುಡುಗಿಯ ಕಥೆ ಅಲ್ಲಿದೆ. ಅವಳು ಯುರೋಪಿನ ಸಿಂಡರೆಲಾಳ ತಂಗಿ. ಹಂಚು ಎಂಬ ಶಬ್ದ ಗೊತ್ತಿಲ್ಲದವರಿಗೆ ಹಂಚಿ ಬರೇ ಒಂದು ಹೆಸರು. ನಮಗೆ ಹಾಗಲ್ಲ. ಮನೆಯೊಳಗೆ ಹೆಂಗಸರು ಹೇಳುವ ಕಥೆಗೂ ಹೊರಗೆ ಸಭೆಯಲ್ಲಿ ಹೇಳುವ ಕಥೆಗೂ ಸ್ವಭಾವದಲ್ಲೇ ಬೇಧವಿದೆ ಎಂದು ತೋರಿಸಿದವರು ರಾಮಾನುಜನ್. ಒಳಗಿನ ಕಥೆಯಲ್ಲಿ ಪಾತ್ರಗಳಿಗೆ ಹೆಸರೂ ಇರುವುದಿಲ್ಲ, ಊರೂ ಇರುವುದಿಲ್ಲ. ಅದೇ ಹೊರಗೆ ಬಂದಾಗ ಊರು, ಕುಲ, ದೈವ ಎಲ್ಲ ಸೇರಿಕೊಳ್ಳುತ್ತವೆ. ನಮ್ಮ ಅಜ್ಜಿಕಥೆಯನ್ನೂ ಪಾಡ್ದನವನ್ನೂ ಅಕ್ಕಪಕ್ಕ ಇಟ್ಟರೆ ಈ ಮಾತು ನಿಜವೆಂದು ಕಾಣುತ್ತದೆ.

ಇದೆಲ್ಲ ವಿದ್ವಾಂಸರ ಕೆಲಸ, ನಮ್ಮಿಂದ ಏನಾದೀತು ಎನ್ನಬೇಡಿ. ವಿದ್ವಾಂಸರು ಒಂದು ವಾರ ಇದ್ದು ಹೋಗುತ್ತಾರೆ. ಅಜ್ಜಿಯ ಜೊತೆ ವರ್ಷವಿಡೀ ಇರುವವರು ನೀವು. ಎರಡು ಮೂರು ಭಾಷೆ ಹುಟ್ಟಿನಿಂದಲೇ ಬಲ್ಲವರೂ ನೀವೇ. ಹೊರಗಿನವನಿಗೆ ಕನ್ನಡ ಎಲ್ಲಿ ಮುಗಿಯಿತು, ಮಲಯಾಳ ಎಲ್ಲಿ ಶುರುವಾಯಿತು ಎಂದು ತಿಳಿಯಲಿಕ್ಕೇ ಆರು ತಿಂಗಳು ಬೇಕು. ಆದ್ದರಿಂದ ಕೆಲವು ಸಂಗತಿಗಳನ್ನು ಹೇಳಿಬಿಡುತ್ತೇನೆ.

ಮೊದಲಾಗಿ, ‘ಒಂದು ಜಾನಪದ ಕಥೆ ಹೇಳಿ’ ಎಂದು ಯಾರನ್ನೂ ಕೇಳಬೇಡಿ. ಜಾನಪದ ಎಂಬ ಶಬ್ದ ಕೇಳಿದ ಕೂಡಲೇ ಹಿರಿಯರು, ಅದೆಲ್ಲ ನನಗೆ ತಿಳಿಯದು, ಮಾಷ್ಟ್ರ ಹತ್ತಿರ ಕೇಳು ಎನ್ನುತ್ತಾರೆ. ಅಜ್ಜಿಕಥೆ ಎನ್ನಿ, ಮಲಯಾಳದ ಮನೆಯಾದರೆ ಮುತ್ತಶ್ಶಿ ಕಥ ಎನ್ನಿ. ಅದಕ್ಕೂ ಬಾಯಿ ಬಿಡದಿದ್ದರೆ ಒಂದು ಉಪಾಯವಿದೆ. ನೀವೇ ಒಂದು ಕಥೆ ಶುರುಮಾಡಿ, ಬೇಕೆಂದೇ ತಪ್ಪು ಹೇಳಿ. ಗುಬ್ಬಕ್ಕನ ಮನೆ ಸೆಗಣಿಯದ್ದು ಎನ್ನಿ. ‘ಹಾಗಲ್ಲ ಮಾರಾಯ’ ಎಂದು ಅವರು ಕೈಯಿಂದ ಕಥೆ ಕಸಿದುಕೊಳ್ಳುತ್ತಾರೆ. ಆಮೇಲೆ ನೀವು ಸುಮ್ಮನಿರಬೇಕು.

ಇಂಥ ಭಾಷೆಯಲ್ಲೇ ಹೇಳಿ ಎಂದು ಒತ್ತಾಯಿಸಬಾರದು. ಶಾಲೆಗೆ ಹೋದ ಮೊಮ್ಮಗ ಬರೆಯಲು ಕೂತಿದ್ದಾನೆಂದು ಕಂಡರೆ ಅಜ್ಜಿಯೇ ಕಷ್ಟಪಟ್ಟು ಪುಸ್ತಕದ ಭಾಷೆಗೆ ತಿರುಗಿಯಾರು. ಆಗ ಪುಸ್ತಕ ಮುಚ್ಚಿ ಕೆಳಗಿಡಿ. ಅಡಿಕೆ ಸುಲಿಯಲು ನೀವೂ ಕೂತುಕೊಳ್ಳಿ. ಈಗ ಎಲ್ಲರ ಕೈಯಲ್ಲೂ ಮೊಬೈಲು ಇದೆ. ಕೇಳಿ, ಒಪ್ಪಿಗೆ ಪಡೆದು, ಧ್ವನಿಮುದ್ರಿಸಿಕೊಳ್ಳಿ. ಒಪ್ಪಿಗೆ ಮುಖ್ಯ. ಗುಟ್ಟಾಗಿ ಮುದ್ರಿಸಿ ಊರಿಗೆಲ್ಲ ಕಳುಹಿಸುವುದು ಕಳ್ಳತನ. ಕೆಲವು ಕಥೆಗಳು ಗಂಡಸರ ಮುಂದೆ ಹೇಳುವಂಥವಲ್ಲ, ಕೆಲವು ದೈವದ ಮಾತುಗಳು ಕಳದ ಹೊರಗೆ ಆಡುವಂಥವಲ್ಲ. ಬೇಡ ಎಂದರೆ ಬಿಟ್ಟುಬಿಡಬೇಕು.

ಮುದ್ರಿಸಿಕೊಂಡರೆ ಕೆಲಸ ಮುಗಿಯಿತೆಂದು ತಿಳಿಯಬೇಡಿ. ಮೊಬೈಲು ಬಾವಿಗೆ ಬಿದ್ದೀತು, ಹೊಸತು ಕೊಳ್ಳುವಾಗ ಹಳೆಯದರಲ್ಲಿದ್ದದ್ದು ಅಳಿಸಿಹೋದೀತು. ಕಾಗದಕ್ಕೆ ಇಳಿಸಬೇಕು. ಅದಕ್ಕೆ ಮಕ್ಕಳ ಇನ್ನೂರು ಪುಟದ ನೋಟು ಪುಸ್ತಕ ಸಾಕು. ಹೇಳಿದವರ ಹೆಸರು, ಪ್ರಾಯ, ಹುಟ್ಟಿದ ಊರು, ಮದುವೆಯಾಗಿ ಬಂದ ಊರು, ಕಥೆ ಯಾರಿಂದ ಕೇಳಿದ್ದು, ಹೇಳುವಾಗ ಯಾರೆಲ್ಲ ಕೂತಿದ್ದರು, ಎಲ್ಲಿ ನಕ್ಕರು, ಇವನ್ನು ಮೇಲೆ ಬರೆಯಿರಿ. ಹೆಂಗಸರ ಮಟ್ಟಿಗೆ ಹುಟ್ಟಿದ ಊರು ಬಹಳ ಮುಖ್ಯ. ನಮ್ಮಲ್ಲಿ ಹೆಣ್ಣುಮಕ್ಕಳ ದಿಬ್ಬಣದ ಜೊತೆಗೆ ಕಥೆಯೂ ಹೊಳೆ ದಾಟುತ್ತದೆ. ಪುತ್ತೂರಿನ ಕಥೆ ಮುಳ್ಳೇರಿಯಕ್ಕೆ ಬರುವುದು, ಕಾಞಂಗಾಡಿನದ್ದು ಉಪ್ಪಳಕ್ಕೆ ಬರುವುದು ಹೀಗೆಯೇ. ಮಾತನ್ನು ಕೇಳಿದ ಹಾಗೆ ಬರೆಯಿರಿ. ಮಲಯಾಳ ಬಂದಲ್ಲಿ ಮಲಯಾಳ, ತುಳು ಬಂದಲ್ಲಿ ತುಳು. ನಿಮಗೆ ಓದಲು ಬರುವ ಯಾವ ಅಕ್ಷರವಾದರೂ ಆದೀತು, ಆದರೆ ಭಾಷೆ ಬದಲಾದ ಜಾಗದಲ್ಲಿ ಅಡಿಗೆರೆ ಎಳೆಯಿರಿ. ತಿದ್ದಬೇಡಿ. ಅಜ್ಜಿ ‘ಬಸ್ಸು’ ಎಂದರೆ ಬಸ್ಸೇ ಇರಲಿ. ರಾಜಕುಮಾರ ಬಸ್ಸಿನಲ್ಲಿ ಹೋದರೆ ಹೋಗಲಿ.

ಇನ್ನೊಂದು ಸಂಗತಿ. ಕೇಪ್ ಟೌನಿನ ಲೂಸಿ ಲಾಯ್ಡ್ ತಮ್ಮ ಟಿಪ್ಪಣಿ ಪುಸ್ತಕದಲ್ಲಿ ಕಥೆಯನ್ನು ಬಲಗಡೆಯ ಪುಟದಲ್ಲಿ ಬರೆದು, ಎಡಗಡೆಯ ಪುಟವನ್ನು ಮುಂದೆ ತಿಳಿದುಬರುವ ಸಂಗತಿಗಳಿಗಾಗಿ ಬಿಡುತ್ತಿದ್ದರು. ಒಂದು ಶಬ್ದದ ಅರ್ಥ, ಒಂದು ಗಿಡದ ಹೆಸರು, ಹಾಗೇಕೆ ಮಾಡಿದ ಎಂಬುದಕ್ಕೆ ಕಥೆಗಾರ ಆಮೇಲೆ ಕೊಟ್ಟ ವಿವರಣೆ ಇವೆಲ್ಲ ಅಲ್ಲಿ ಸೇರುತ್ತಿದ್ದವು. ನೀವೂ ಎಡಪುಟವನ್ನು ಖಾಲಿ ಬಿಡಿ. ಹದಿನೈದು ದಿನ ಬಿಟ್ಟು ಪುನಃ ಹೋಗಿ, ಬರೆದದ್ದನ್ನು ಹೇಳಿದವರ ಮುಂದೆಯೇ ಓದಿ. ಅವರು ಇಲ್ಲಿ ಇನ್ನೊಂದು ಮಾತಿತ್ತಲ್ಲ, ಹಾಡೊಂದು ಬಿಟ್ಟುಹೋಯಿತಲ್ಲ ಎನ್ನುತ್ತಾರೆ. ಪಕ್ಕದ ಮನೆಯವರು ಕೇಳಿ, ನಮ್ಮಲ್ಲಿ ಹೀಗಲ್ಲ ಎನ್ನುತ್ತಾರೆ. ಅದನ್ನೂ ಎಡಪುಟದಲ್ಲಿ ಅವರ ಹೆಸರು ಹಾಕಿ ಬರೆಯಿರಿ. ಪುಸ್ತಕ ತುಂಬಿದ ಮೇಲೆ ಒಂದು ನಕಲು ಅವರ ಮನೆಯಲ್ಲೇ ಇರಲಿ, ಇನ್ನೊಂದು ಊರಿನ ವಾಚನಾಲಯದಲ್ಲಿ. ಕಾಸರಗೋಡು ಸರಕಾರಿ ಕಾಲೇಜಿನ ಕನ್ನಡ ವಿಭಾಗದಂಥ ಕಡೆ ಓದುವ ಮಕ್ಕಳಿಗೆ ಇದು ಕೆಲಸಕ್ಕೆ ಬರುತ್ತದೆ. ಅವರು ಮಲಯಾಳ ವಿಭಾಗದ ಗೆಳೆಯರನ್ನೂ ಪಕ್ಕದಲ್ಲಿ ಕೂರಿಸಿಕೊಂಡು ಓದಬೇಕಾದೀತು.

ಮಳೆಗಾಲ ಮುಗಿದು ಹೊಸ ಅಡಿಕೆ ಅಂಗಳಕ್ಕೆ ಬೀಳುವ ಹೊತ್ತಿಗೆ ಒಂದು ನೋಟು ಪುಸ್ತಕ ತಂದಿಟ್ಟುಕೊಳ್ಳಿ.